ನಿಂತ ನೀರಿನ ದಣಿ

ಮಿತಿಮೀರಿ ಹಣ್ಣಾದ ಕರ್ಬೂಜದ ವಾಸನೆ ಬಂದರೆ ಐಸುಲುವಿಗೆ ಅವ್ವನ ತಲೆವಸ್ತ್ರವೇ ನೆನಪಾಗುತ್ತದೆ. ಬೆಳಿಗ್ಗೆ ಕರಿಗೂದಲಲ್ಲಿ ತೋಟದೊಳಗೆ ಹೋದ ಅವ್ವ ಮಧ್ಯಾಹ್ನ ಆ ವಾಸನೆ ಹೊತ್ತು ಹೊರಬರುತ್ತಿದ್ದಳು. ಬೈತಲೆಯಲ್ಲಿ ಎರಡೆಳೆ ಬೆಳ್ಳಗಾಗಿರುತ್ತಿದ್ದವು. “ಎಷ್ಟ್ ದಿನ ಆಯ್ತವ್ವ ನಿನ್ನ ನೋಡಿ” ಎಂದು ಮಗಳನ್ನು ಅವುಚಿಕೊಳ್ಳುತ್ತಿದ್ದಳು. ಬೆಳಿಗ್ಗೆ ತಿಂದ ರೊಟ್ಟಿಯ ಚೂರು ಮಗಳ ಹಲ್ಲಿನ ಸಂದಿಯಲ್ಲಿ ಇನ್ನೂ ಇರುತ್ತಿತ್ತು.

ಈಗ ಗೋಡೆ ಕಟ್ಟಿದ ಅದೇ ತೋಟದ ಬಾಗಿಲಲ್ಲಿ ಮೇಸ್ತ್ರಿ ತೋಖ್ತಾರ್ ಕೋಲಿನ ತುದಿಯಿಂದ ಐಸುಲುವಿನ ಹೊಟ್ಟೆ ತಿವಿಯುತ್ತಿದ್ದ.

“ಏನಮ್ಮೀ, ಐದೇ ತಿಂಗ್ಳಲ್ವಾ? ದಣೀರ ಮನೇಲಿ ಹಬ್ಬ. ಒಂದೊಪ್ಪತ್ತು ಹಣ್ ಕಿತ್ಕೊಡು ಅಂದ್ರೆ ರಾಗ ಎಳೀತೀಯ.”

“ನಿನ್ನ ಒಪ್ಪತ್ತು ಒಳಗೆ ಒಂದು ಬೆಳೆ ಕಣಣ್ಣೋ. ಬೀಜ ಊರಿ ಹಣ್ಣು ಕೀಳೋಗಂಟ ನಂಗೆ ದಿನ ತುಂಬ್ತದೆ.”

“ತುಂಬ್ಲಿ ಬುಡು. ಗೋಡೆ ಒಳಗೆ ಉಟ್ಟಿದ್ದೆಲ್ಲ ದಣೀರದ್ದು. ಕಾಯಾದ್ರೇನು, ಕೂಸಾದ್ರೇನು? ಸಾಕೋ ಕರ್ಚು ಉಳೀತು ಅಂದ್ಕೋ. ಒಲ್ಲೆ ಅಂದ್ರೆ ನಾಳಿಂದ ನಿಮ್ಮ ಕೇರಿಗೆ ನೀರಿಲ್ಲ.”

ಐಸುಲುವಿನ ಅಕ್ಕ ಹಾಗೆ ಗೋಡೆಯೊಳಗೆ ಹುಟ್ಟಿದವಳು. ದಣಿಯ ಅಂಗಳ ಗುಡಿಸುತ್ತಾಳೆ. ಅವ್ವ ಸತ್ತಾಗಲೂ ಅವಳನ್ನು ಕಳಿಸಿರಲಿಲ್ಲ.

ನೀರು ತಿರುಗಿಸುವ ಮುದುಕಿ ಹೊಲ್ಬೀಬಿ ನಡುವೆ ಬಂದಳು. “ಅವಳ ಸಾಲೂ ನಾನೇ ಕೀಳ್ತೀನಿ. ಬುಟ್ಬುಡ್ಲಾ ಅವಳ್ನ.”

“ನಿನ್ನ ಮುದಿ ಬೆನ್ನು ಬಗ್ಗೋದ್ರೊಳಗೆ ಹಣ್ಣು ಕೊಳೀತದೆ. ನೀರು ತಿರುಗ್ಸೋಗು, ಬಾಯ್ ಮುಚ್ಕೊಂಡು.”

“ನಿಮ್ಮಪ್ಪನ ಹೆಣ ತೊಳ್ದೋಳು ನಾನು ಕಣ್ಲಾ. ನಿಮ್ಮ ವಂಶದಲ್ಲಿ ಬಾಯಿ ಮುಚ್ಚೋದು ಅವತ್ತೊಂದಿನವೇ.”

ಕೂಲಿಗೆ ಬಂದ ಹೆಂಗಸರು ಕಿಸಕ್ಕನೆ ನಕ್ಕರು. ಐಸುಲುವೂ ಅವರ ಜೊತೆ ಒಳಹೊಕ್ಕಳು. ಬಾಗಿಲು ಅವರ ಹಿಂದೆ ಧಡಾರನೆ ಮುಚ್ಚಿತು.

ತೋಟದ ರೀತಿಯೇ ಹಾಗೆ. ನೀರು ಓಡುವಲ್ಲಿ ಹೊತ್ತು ಓಡುತ್ತದೆ, ನೀರು ನಿಂತಲ್ಲಿ ಹೊತ್ತು ನಿಲ್ಲುತ್ತದೆ. ಹೆಂಗಸರು ದುಡಿಯುವ ಪಾತಿಗಳಲ್ಲಿ ಕಾಲುವೆ ಭೋರಿಡುತ್ತದೆ. ನಟ್ಟನಡುವೆ ಏರಿ ಕಟ್ಟಿದ ಕೊಳ. ಕೊಳದ ಕಟ್ಟೆಯ ಮೇಲೆ ಇಲ್ತೂಜ್ ದಣಿ. ಹೊಲ್ಬೀಬಿಯ ಅಜ್ಜಿಯ ಕಾಲದಿಂದಲೂ ಅವನು ಹುರಿಮೀಸೆಯ ಹರೆಯದವನೇ. ಆ ಅಜ್ಜಿಯ ಕಾಲದಲ್ಲಿ ಅವನು ಬಿಟ್ಟ ಹೂಸಿನ ನಾತ ಇನ್ನೂ ಅಲ್ಲೇ ನಿಂತಿದೆ ಎಂಬುದು ಹೆಂಗಸರ ಹಳೇ ನಗೆ.

ಅವರು ಒಳಗೆ ಕಾಲಿಟ್ಟಾಗ ದಣಿ ಬೈಯಲು ಬಾಯಿ ತೆರೆದಿದ್ದ. “ಬೋ...” ಅಂದಿದ್ದ. ಬಳ್ಳಿ ಹಬ್ಬಿತು, ಹೂವಾಯಿತು, ಹೀಚಾಯಿತು. ದಣಿಯ ಬಾಯಿ ಇನ್ನೂ “ಬೋ” ಅಂತಲೇ ಇತ್ತು.

“ಬೋಗುಣಿ ಕೇಳ್ತಾವ್ನೆ, ಪಾಪ. ತಡೆಯಕ್ಕಾಗ್ತಿಲ್ಲ ಅಂತ ಕಾಣ್ತದೆ” ಅಂದಳು ಒಬ್ಬಳು.

ಐಸುಲುವಿನ ಹೊಟ್ಟೆ ಕರ್ಬೂಜದ ಜೊತೆಗೇ ಬೆಳೆಯಿತು. ಅವಳ ಬುಟ್ಟಿಯ ಅರ್ಧ ಭಾರ ಹೇಳದೆ ಕೇಳದೆ ಯಾರದೋ ಬುಟ್ಟಿಗೆ ಹೋಗುತ್ತಿತ್ತು. ಊದಿದ ಪಾದಕ್ಕೆ ಯಾರೋ ತಂಪೆಲೆ ಕಟ್ಟುತ್ತಿದ್ದರು. ಹಣ್ಣಿಗೆ ಬಣ್ಣ ತಿರುಗುವ ಮೊದಲೇ ನೋವು ಬಂತು.

ಓಡಿಹೋಗಿ ಬಾಗಿಲು ಬಡಿದಳು. ಸಂದಿಯಲ್ಲಿ ಇಣುಕಿದರೆ ಹೊರಗೆ ತೋಖ್ತಾರ್ ಆಕಳಿಸುತ್ತಿದ್ದ. ಆ ಒಂದು ಆಕಳಿಕೆ ಮುಗಿಯುವಷ್ಟರಲ್ಲಿ ಒಳಗೆ ಹೆರಿಗೆಯೇ ಮುಗಿದುಹೋಗುತ್ತದೆ.

“ಏರಿ ಒಡೀಬೇಕು ಮಗಾ” ಅಂದಳು ಹೊಲ್ಬೀಬಿ. “ಅವನ ನೀರು ನಿಂತೈತೆ ಅಂತಲೇ ನಮ್ಮ ನೀರು ಹಿಂಗ್ ಓಡ್ತೈತೆ. ಕೊಳ ಬರಿದಾದ್ರೆ ಎಲ್ಲಾರ ಹೊತ್ತೂ ಒಂದೇಯ.”

“ಗೋಡೆ ಏನ್ ಮಾಡೋದು?” ಅಂದಳು ಐಸುಲು.

“ಗೋಡೆ ಬುಡದಲ್ಲೂ ಅವನ ಕೊಳದ ನೀರೇ ನಿಂತಿರೋದು. ನಮ್ಮಜ್ಜಿ ಮೆತ್ತಿದ ಮಣ್ಣು, ಇನ್ನೂ ಒಂದು ಮಳೆ ತಿಂದಿಲ್ಲ. ತಿನ್ನೋ ಹೊತ್ತು ಬಂದ್ರೆ ಎಲ್ಲಾನೂ ಒಟ್ಗೇ ತಿಂತದೆ.”

ಗುದ್ದಲಿ ಹಿಡಿದು ಏರಿಯತ್ತ ಹೋದಳು ಐಸುಲು. ಹಿಂದೆ ಹೆಂಗಸರು. ಕೊಳ ಹತ್ತಿರವಾದಂತೆ ಹೆಜ್ಜೆ ಭಾರವಾಯಿತು, ನೋವು ನಿಧಾನವಾಯಿತು. ಏರಿಯ ಮೇಲೆ ಕಾಲಿಟ್ಟಾಗ ನೋವು ಅರ್ಧಕ್ಕೇ ನಿಂತಿತು. ಹಸಿವು ನಿಂತಿತು. ಬೆನ್ನಿನ ಸುಸ್ತು ಎಲ್ಲೋ ದೂರ ಹೋಯಿತು. ಈ ಮುಂಡೇಮಗ ಯಾಕೆ ಇಲ್ಲಿಂದ ಏಳುವುದಿಲ್ಲ ಎಂದು ಅವಳಿಗೆ ಆಗ ತಿಳಿಯಿತು. ಅವಳೂ ಅಲ್ಲೇ ಕೂತುಬಿಡಬಹುದಿತ್ತು. ಹೊಟ್ಟೆಯ ಮೇಲೆ ಕೈಯಿಟ್ಟಳು. ಒಳಗೆ ಕೂಸೂ ಅಲುಗದೆ ನಿಂತಿತ್ತು.

“ಥೂ” ಎಂದು ಕೊಳಕ್ಕೆ ಉಗಿದು ಗುದ್ದಲಿ ಎತ್ತಿದಳು.

ಮೊದಲ ಏಟು ಅವಳದು. ಮಿಕ್ಕ ಏಟುಗಳು ಎಲ್ಲರವು. ಏರಿ ಬಿರಿದು ನೀರು ನುಗ್ಗಿತು.

“...ಳಿಮಕ್ಕಳಾ!” ಎಂದು ದಣಿಯ ಬೈಗುಳ ಮುಗಿಯಿತು. ಅದರ ಹಿಂದೆಯೇ ಹಲ್ಲುಗಳು ಪಟಪಟನೆ ಉದುರಿದವು. ಮೀಸೆ ನೆರೆಯಿತು, ಗಡ್ಡ ಹೊಕ್ಕುಳ ದಾಟಿತು, ಹಬ್ಬದ ರೇಷ್ಮೆ ಇಜಾರು ಸೊರಗಿದ ಸೊಂಟದಿಂದ ಜಾರಿ ಕೆಸರಿಗೆ ಬಿತ್ತು.

ಆಮೇಲೆ ಮಳೆ. ಮೋಡವೇ ಇಲ್ಲದೆ ಅಷ್ಟೂ ವರ್ಷಗಳ ಮಳೆ ಗೋಡೆಯ ಮೇಲೆ ಮಾತ್ರ ಸುರಿಯಿತು. ಗೋಡೆ ನೆನೆದ ರೊಟ್ಟಿಯಂತೆ ಕುಸಿಯಿತು. ಬಾಗಿಲು ಮಾತ್ರ ಒಂಟಿಯಾಗಿ ನಿಂತಿತ್ತು. ಅದರಾಚೆ ತೋಖ್ತಾರ್ ಆಕಳಿಕೆ ಮುಗಿಸಿ ಕಣ್ಣು ಬಿಟ್ಟ, ನೋಡಿದ, ಕೋಲು ಬಿಸಾಕಿ ಓಡಿದ.

ಕುಸಿದ ಮಣ್ಣಿನ ದಿಬ್ಬದ ಮೇಲೆ, ಹೆಂಗಸರು ಬಿಚ್ಚಿ ಹಿಡಿದ ತಲೆವಸ್ತ್ರಗಳ ಮರೆಯಲ್ಲಿ ಮಗಳು ಹುಟ್ಟಿದಳು. ಹೊಲ್ಬೀಬಿ ಹೊಕ್ಕುಳಬಳ್ಳಿ ಕೊಯ್ದಳು. ಹುಟ್ಟಿದೊಡನೆ ಕೂಸು ಮುದುಕಿಯ ತೋಳಿನ ಮೇಲೆ ಉಚ್ಚೆ ಹೊಯ್ದಿತು. “ಹೊಯ್ಯಿ ನನ್ನವ್ವ, ಹೊಯ್ಯಿ” ಎಂದು ಮುದುಕಿ ನಕ್ಕಳು.

ಕೇರಿಯಿಂದ ಯಾರೋ ಬಾಣಂತಿಗೆಂದು ಕುರಿಕೊಬ್ಬು ಹಾಕಿದ ನವಣೆ ಗಂಜಿ ತಂದರು. ಐಸುಲು ಎರಡು ಗುಟುಕು ಕುಡಿದಿರಬೇಕು. ದಿಬ್ಬದ ಬುಡದಲ್ಲಿ ಏನೋ ತೆವಳಿತು. ದಣಿ. ಅಷ್ಟು ವರ್ಷಗಳ ಹಸಿವು ಅವನ ಹೊಟ್ಟೆಯಲ್ಲಿ ಒಮ್ಮೆಗೇ ಎದ್ದಿತ್ತು. ಕಣ್ಣು ಗಂಜಿಯ ಬಟ್ಟಲ ಮೇಲಿತ್ತು. ಬಾಯಿ ಮಾತ್ರ ಇನ್ನೂ ದಣಿಯದ್ದೇ.

“ಗೋಡೆ... ಎಲ್ಲಿತ್ತು?” ಬೊಚ್ಚುಬಾಯಿ ತಡವರಿಸಿತು. “ಆ ಕೂಸು ಒಳಗೆ ಹುಟ್ತೋ, ಹೊರಗೋ? ಒಳಗಾದ್ರೆ ನಂದು...”

ಒಬ್ಬಳು ಕಲ್ಲು ಎತ್ತಿಕೊಂಡಳು. ಐಸುಲು ಬೇಡ ಎಂದು ತಲೆಯಾಡಿಸಿದಳು. ಕೂಸನ್ನು ಎಡಗೈಗೆ ಬದಲಿಸಿ ಎದೆಗೆ ಹಚ್ಚಿಕೊಂಡಳು. ಬಲಗೈಯಿಂದ ಬಟ್ಟಲನ್ನು ಎತ್ತಿ, ದಣಿಯ ಎರಡು ಕೈಗಳಲ್ಲಿ ಚೆಲ್ಲದಂತೆ ಇಟ್ಟಳು.