ಕೂರಿಗೆಯ ಹಿಂದೆ

ಕೂರಿಗೆ ಎಂದರೆ ನನ್ನವ್ವ ನೀಲಾಬಾಯಿಗೆ ಬರೀ ಬಿತ್ತುವ ಸಾಧನವಲ್ಲ. ಅಪ್ಪ ಮುಂದೆ ಎತ್ತು ಹೊಡೆಯಬೇಕು, ಅವಳು ಹಿಂದೆ ನಡೆಯುತ್ತ ಅದರ ಬಟ್ಟಲಿಗೆ ಬೆರಳಿನಿಂದ ತೊಗರಿ ಬೀಜ ಬಿಡಬೇಕು. ಇಬ್ಬರೂ ಇದ್ದರೇನೇ ಅದು ಕೂರಿಗೆ.

ಅಪ್ಪ ತೀರಿಕೊಂಡ ಮೇಲೆ, ಈ ಮಿರಗದ ಮಳೆಗೆ ಬಿತ್ತಲು ಮುಧೋಳದಿಂದ ಕೂರಿಗೆ ಜೋಡಿಸಿದ ಟ್ರ್ಯಾಕ್ಟರ್ ಕರೆಸಿದೆ.

"ಯವ್ವಾ, ಕೂರಿಗಿ ಬಂತು" ಎಂದೆ. ಅವ್ವ ಉಡಿಯಲ್ಲಿ ಬೀಜ ಕಟ್ಟಿಕೊಂಡು ಬಂದು ಟ್ರ್ಯಾಕ್ಟರಿನ ಹಿಂದೆ ನಿಂತಳು.

"ಆಯಿ, ಬೀಜ ಈ ಡಬ್ಬಿದಾಗ ಹಾಕ್ರಿ, ಅದೇ ಬಿಡ್ತದ. ನೀವು ನೆಳ್ಳಿಗಿ ಕುಂದ್ರಿ" ಎಂದ ಡ್ರೈವರ್.

ಅವ್ವ ಉಡಿ ಬರಿದು ಮಾಡಿದಳು. ಕೂರಲಿಲ್ಲ. ಟ್ರ್ಯಾಕ್ಟರ್ ಹೊರಟಾಗ ಧೂಳಿನಲ್ಲಿ ಅದರ ಹಿಂದೆಯೇ ನಡೆದಳು.

"ಹುಚ್ಚು ಹಿಡಿದದೇನು ನಿನಗ?" ಎಂದು ಸಿಟ್ಟಿನಿಂದ ಓಡಿ ಹೋಗಿ ಕೈ ಹಿಡಿದೆ. ಅವಳ ಖಾಲಿ ಬೆರಳುಗಳು ನನ್ನ ಅಂಗೈಯೊಳಗೂ ಬೀಜ ಬಿಡುತ್ತಲೇ ಇದ್ದವು.