ಗೋತಿಯೇ ದೊರೆಯ ಕಿರಿಯ ಮಗ

ಜೈಲಿನಲ್ಲಿ ತಮ್ಮನನ್ನು ನೋಡಿಕೊಂಡು ಬರುವಾಗ ಜ್ಯೋತ್ಸ್ನಾ ಫೋರ್ಟ್ ಲೀ ಊರಿನ ಮನೆಯತ್ತ ತಿರುಗದೆ, ಸೇತುವೆ ದಾಟಿ, ತಾನು ಕೆಲಸ ಮಾಡುವ ಮ್ಯೂಸಿಯಂ ಮುಂದೆ ಕಾರು ನಿಲ್ಲಿಸಿದಳು. ಪಕ್ಕದಲ್ಲಿದ್ದ ಅಪ್ಪ ರಘುರಾಮ ಅವಳ ಹಿಂದೆಯೇ ಇಳಿದರು.

ಹಿಂದಿನ ವರ್ಷ ಪಾರ್ಸಿಪನಿಯ ಅವರ ಹೋಟೆಲಿಗೆ ಬೆಂಕಿ ಬಿದ್ದಾಗ ಅಡುಗೆಯ ಶೈಲಮ್ಮ ಹಿಂಬಾಗಿಲಿನ ಹತ್ತಿರವೇ ಸತ್ತಿದ್ದರು. ಬಾಗಿಲಿಗೆ ಬೀಗವಿತ್ತು. ಕೆಲಸದವರು ಸುಮ್ಮಸುಮ್ಮನೆ ಹೊರಗೆ ಹೋಗುತ್ತಾರೆಂದು ಬೀಗ ಹಾಕಿಸಿದ್ದು ರಘುರಾಮ. ಪೊಲೀಸರ ಮುಂದೆ, ಹಾಕಿದ್ದು ನಾನು ಎಂದದ್ದು ಮಗ ಅನಿರುದ್ಧ. ಅಪ್ಪನಿಗೆ ಆಗಷ್ಟೇ ಹೃದಯದ ಆಪರೇಷನ್ ಆಗಿತ್ತು. ರಘುರಾಮ ಬಾಯಿ ಬಿಡಲಿಲ್ಲ.

ಮ್ಯೂಸಿಯಂ ಒಳಗೆ ಸಮಾಧಿಯೊಂದರ ಮೇಲೆ ಕಲ್ಲಿನ ಯೋಧ ಕೈಮುಗಿದು ಮಲಗಿದ್ದ.

"ಇವ ಯಾರು ಮಗಾ?"

"ಗೋತಿಯೇ ಅಂತ ಅಪ್ಪ. ಎಂಟುನೂರು ವರ್ಷದ ಹಿಂದೆ ಫ್ರಾನ್ಸಿನಲ್ಲಿ ಒಂದು ಕೋಟೆಯ ದೊರೆ. ನನ್ನ ರಿಸರ್ಚ್ ಇವನ ಮೇಲೇನೇ."

ಅವಳು ನಿಂತಲ್ಲೇ ಹೇಳಿದಳು. ಗೋತಿಯೇ ಯುದ್ಧದಲ್ಲಿ ಪಕ್ಕದ ದೊರೆಗೆ ಸೆರೆಸಿಕ್ಕ. ಕೋಟೆ ಬಿಟ್ಟುಕೊಡುತ್ತೇನೆಂದು ಮಾತು ಕೊಟ್ಟು, ಅಲ್ಲಿಯವರೆಗೆ ಒತ್ತೆಯಾಗಿ ಕಿರಿಯ ಮಗ ರೆನೋನನ್ನು ಇಟ್ಟು ಬಂದ. ಮಗ ತಾನಾಗಿಯೇ ಒಪ್ಪಿ ಹೋಗಿದ್ದ. ಮನೆ ಸೇರಿದ ಗೋತಿಯೇ ಕೋಟೆ ಬಿಡಲಿಲ್ಲ. ಪಕ್ಕದ ದೊರೆಯ ನೆಲಮಾಳಿಗೆಯ ಥಂಡಿಯಲ್ಲಿ ರೆನೋ ಸತ್ತ. ಆ ದೊರೆಯ ಕಡೆಯವರು ಹೆಣವನ್ನು ಕೋಟೆಯ ಬಾಗಿಲಲ್ಲಿ ಇಳಿಸಿ ಹೋದರು. ತಾಯಿ ಆಲೀಸ್ ತಾನೇ ಅದನ್ನು ತೊಳೆದು ಹೂಳಿಸಿ, ಸನ್ಯಾಸಿನಿಯರ ಮಠ ಸೇರಿದಳು. ಹಿರಿಯ ಮಗ ಶತ್ರುವಿನ ಕಡೆ ಹೋದ.

"ಮತ್ತೆ ಇವ?"

"ಇನ್ನೂ ಇಪ್ಪತ್ತು ವರ್ಷ ಬದುಕಿದ. ಕೋಟೆ ಕೊನೆವರೆಗೂ ಇವನದ್ದೇ."

ರಘುರಾಮ ಕಲ್ಲಿನ ಮುಖವನ್ನು ನೋಡುತ್ತ ನಿಂತರು. "ಇದನ್ನು ಹೇಳ್ಲಿಕ್ಕೇ ಕರ್ಕೊಂಡು ಬಂದದ್ದಾ?"

"ಹೌದು."

"ಅನಿರುದ್ಧ ಇವತ್ತು ತುಂಬಾ ಕೆಮ್ಮುತ್ತಿದ್ದ."

"ನಾನೂ ನೋಡಿದೆ ಅಪ್ಪ."

ಮರುದಿನ ರಘುರಾಮ ವಕೀಲರಿಗೆ ನಿಜ ಹೇಳಿದರು. ಕೋರ್ಟು ಅದನ್ನು ಒಪ್ಪಿ ಅನಿರುದ್ಧನನ್ನು ಬಿಡುವಷ್ಟರಲ್ಲಿ ಚಳಿಗಾಲ ಬಂದಿತ್ತು. ಅವನು ಮನೆಗೆ ಬಂದ ದಿನ ತಾಯಿ ಕೌಸಲ್ಯಾ ನೀರುದೋಸೆ ಮಾಡಿದ್ದರು. ತಟ್ಟೆ ಮುಟ್ಟದೆ ಅವನು ಕೇಳಿದ:

"ಇಷ್ಟು ದಿನ ಬೇಕಾಯ್ತಾ ಅಪ್ಪ?"

ರಘುರಾಮ ತಟ್ಟೆಯನ್ನು ಅವನ ಹತ್ತಿರಕ್ಕೆ ಸರಿಸಿದರು. ಪ್ಲೇನ್ಸ್‌ಬರೋದಲ್ಲಿದ್ದ ಶೈಲಮ್ಮನ ಮಗಳ ಮನೆಗೂ ಅವರು ಹೋದರು. ಒಳಗೆ ಟೀವಿ ಮಾತಾಡುತ್ತಿತ್ತು. ಬಾಗಿಲು ಮಾತ್ರ ತೆರೆಯಲಿಲ್ಲ. ಆಮೇಲೆ ಶಿಕ್ಷೆಯಾಗಿ ಅವರೇ ಜೈಲು ಸೇರಿದರು.

ಭೇಟಿಯ ದಿನಗಳಲ್ಲಿ ಕೌಸಲ್ಯಾರನ್ನು ಅನಿರುದ್ಧನೇ ಡ್ರೈವ್ ಮಾಡಿ ಕರೆದೊಯ್ಯುತ್ತಾನೆ. ಅವರು ಗಂಡನ ಜೊತೆ ಮಾತಾಡಿ ಬರುವವರೆಗೆ ಹೀಟರ್ ಹಾಕಿಕೊಂಡು ಕಾರಿನಲ್ಲೇ ಕೂತಿರುತ್ತಾನೆ.

"ಕೇಳಿದ್ರು ಕಣೋ ನಿನ್ನನ್ನ," ಎನ್ನುತ್ತಾರೆ ಕೌಸಲ್ಯಾ, ಸೀಟ್ ಬೆಲ್ಟ್ ಹಾಕಿಕೊಳ್ಳುತ್ತ.

ಅವನು ಕಾರು ಹಿಂದಕ್ಕೆ ತೆಗೆಯುತ್ತಾನೆ.