ಏಳನೇ ಮನೆಯ ಅಂಕಿ

ಹನ್ನೊಂದು ವರ್ಷದಿಂದ ಕೋಲಾರದ ಒಂದು ಖಾಸಗಿ ಆಸ್ಪತ್ರೆಯ ನೆಲಮಹಡಿಯಲ್ಲಿ ಕೂತು ನಾನು ರೋಗಗಳಿಗೆ ಕೋಡ್ ಹಾಕುತ್ತಿದ್ದೇನೆ. ಡಾಕ್ಟರು ಕೋಳಿ ಕೆದರಿದಂತೆ ಬರೆದದ್ದನ್ನು ಓದಿ, ಅದಕ್ಕೆ ಸರಿಹೊಂದುವ ಅಂಕಿಗಳನ್ನು ದೊಡ್ಡ ಪಟ್ಟಿಯಲ್ಲಿ ಹುಡುಕಿ ಕಂಪ್ಯೂಟರಿಗೆ ತುಂಬುವುದು ನನ್ನ ಕೆಲಸ. ರೋಗಿಗಳ ಮುಖ ನೋಡುವ ಪ್ರಮೇಯವಿಲ್ಲ. ನೋಡಬೇಕೆಂದು ನನಗೆ ಅನ್ನಿಸಿಯೂ ಇರಲಿಲ್ಲ. ಐದೂವರೆಯ ವಕ್ಕಲೇರಿ ಬಸ್ಸು ಸಿಕ್ಕರೆ ಸಾಕು ಅನ್ನುವವರ ಪೈಕಿ ನಾನು.

ಆ ಗುರುವಾರ ಬೆಳಿಗ್ಗೆ ಶಿವಾರಪಟ್ಟಣದ ಶಿವಾನಿ ಎಂಬಾಕೆಯ ಕಡತ ಬಂತು. ಹಿಂದಿನ ದಿನ ಸಿಸೇರಿಯನ್ ಆಗಿ ಅವಳಿ ಹೆಣ್ಣುಮಕ್ಕಳು. ಗರ್ಭದಲ್ಲಿ ಒಂದೊಂದು ಮಗುವಿಗೂ ಅದರದೇ ನೀರಿನ ಚೀಲ. ಕೆಳಗಿನ ಮಗುವಿನ ಚೀಲ ಒಂದು ದಿನ ಮೊದಲೇ ಒಡೆದು ಸೋಂಕು ತಗುಲಿತ್ತು. ಮೇಲಿನ ಚೀಲದ ನೀರು ತಿಳಿಯಾಗಿತ್ತು.

ಈ ಸೋಂಕಿನ ಕೋಡಿಗೆ ಏಳು ಮನೆ, ಅಂದರೆ ಏಳು ಖಾನೆ. ಸೋಂಕು ಯಾವ ಮಗುವಿನ ಚೀಲದ್ದು ಎಂದು ಹೇಳುವುದು ಏಳನೆಯದು. ಒಂದೇ ಮಗುವಾದರೆ ಸೊನ್ನೆ. ಅವಳಿಯಾದರೆ ಒಂದೋ ಎರಡೋ. ಪಟ್ಟಿ ಮಾಡಿದ ಪುಣ್ಯಾತ್ಮರು ಐದು ಮಕ್ಕಳವರೆಗೂ ಅಂಕಿ ಇಟ್ಟಿದ್ದಾರೆ. ಇವರಿಗೇನು ಬೇರೆ ಕೆಲಸವಿಲ್ಲವೇ ಎಂದು ಮೊದಮೊದಲು ಗೊಣಗಿದ್ದೆ. ಇಷ್ಟು ವರ್ಷ ಕಣ್ಣುಮುಚ್ಚಿ ಸೊನ್ನೆ ಒತ್ತಿಕೊಂಡೇ ಬಂದಿದ್ದೇನೆ.

ಇಲ್ಲಿ ಸೊನ್ನೆ ನಡೆಯುವುದಿಲ್ಲ. ಹೆರಿಗೆಯ ಹಾಳೆ ತೆಗೆದೆ. ಮೊದಲು ಹೊರಬಂದದ್ದು ಕೆಳಗಿದ್ದ ಮಗು, ಸೋಂಕಿನದು, ತೂಕ ಒಂದು ಕೆಜಿ ಎಂಟುನೂರೈವತ್ತು ಗ್ರಾಂ. ಎರಡನೆಯದು ಎರಡು ಕೆಜಿ ನೂರು. ಸರಿ, ಒಂದು ಎಂದು ಒತ್ತಲು ಬೆರಳು ಎತ್ತಿದೆ. ಅಷ್ಟರಲ್ಲಿ ಸೋಂಕಿನ ಮಗುವಿಗೆಂದು ಆ ಬೆಳಿಗ್ಗೆ ಕೊಟ್ಟ ಇಂಜೆಕ್ಷನ್ನಿನ ಹಾಳೆ ಕಣ್ಣಿಗೆ ಬಿತ್ತು. 'ಒಂದನೇ ಮಗು, ತೂಕ ಎರಡು ಕೆಜಿ ಎಂಬತ್ತು ಗ್ರಾಂ.'

ಹುಟ್ಟಿದ ಮಗುವಿನ ತೂಕ ಮೊದಲ ದಿನಗಳಲ್ಲಿ ಇಳಿಯುತ್ತದೆ. ಒಂದೇ ದಿನದಲ್ಲಿ ಹತ್ತಿರ ಹತ್ತಿರ ಕಾಲು ಕೆಜಿ ಏರುವ ಮಗು ಎಲ್ಲಿದೆ? ಹಾಗಾದರೆ ಸೂಜಿ ಬಿದ್ದದ್ದು ಯಾರಿಗೆ? ಲಿಫ್ಟಿಗೆ ಕಾಯದೆ ಮೂರು ಮಹಡಿ ಹತ್ತಿದೆ.

ವಾರ್ಡಿನಲ್ಲಿ ಶಿವಾನಿ ಅರೆನಿದ್ದೆಯಲ್ಲಿದ್ದಳು. ಪಕ್ಕದ ತೊಟ್ಟಿಲಲ್ಲಿ ಎರಡು ಬಟ್ಟೆಯ ಗಂಟು. ಶಿವಾನಿಯ ಅತ್ತೆ ಬೈರಮ್ಮ, ಎಪ್ಪತ್ತರ ಹತ್ತಿರದ ಹೆಂಗಸು, ಕಾವಲು ಕೂತಿದ್ದರು. ನರ್ಸ್ ಅನಿತ ನನ್ನನ್ನು ಕಂಡು ಬೆರಗಾದಳು.

"ಏನ್ ಸುನಂದಕ್ಕ, ನೀವು ಮೇಲಕ್ಕೆ?"

"ಒಂದನೇ ಮಗು ಯಾವುದು ತೋರಿಸೇ."

ನಮ್ಮಲ್ಲಿ ಅವಳಿಗಳ ಕಾಲಿಗೆ ಅಂಕಿ ಬರೆದ ಪ್ಲಾಸ್ಟರನ್ನು ಗಾಯಕ್ಕೆ ಸುತ್ತುವ ಗಾಜ್ ಬಟ್ಟೆಯಲ್ಲಿ ಕಟ್ಟುತ್ತಾರೆ. ಅನಿತ ದುಂಡಗಿದ್ದ ಮಗುವಿನ ಕಾಲು ತೋರಿಸಿದಳು. ಒಂದು ಎಂದಿತ್ತು. ಇನ್ನೊಂದು ಮಗು ನಿಜಕ್ಕೂ ಅಂಗೈಯಗಲ, ಬಣ್ಣಗೆಟ್ಟು ಮಲಗಿತ್ತು. ಅದರ ಕಾಲಲ್ಲಿ ಎರಡು.

"ಈ ಗಂಟು ನಾನು ಹಾಕಿದ್ದಲ್ಲ," ಅಂದಳು ಅನಿತ, ಬಗ್ಗಿ ನೋಡಿ.

"ನಾನೇ ಹಾಕಿದ್ದು ಕಣಮ್ಮ," ಅಂದರು ಬೈರಮ್ಮ, ಹೆಮ್ಮೆಯಿಂದ. "ನಿಮ್ಮೋರು ತಿರುವುಮುರುವು ಕಟ್ಬಿಟ್ಟಿದ್ರು. ಆಮೇಲೆ ಹುಟ್ಟಿದೋಳೇ ಅಲ್ವಾ ದೊಡ್ಡೋಳು? ಒಳಗೆ ಮೊದ್ಲು ಬಂದು ಕೂತೋಳು ಅವ್ಳು. ತಂಗೀಗೆ ದಾರಿ ಬಿಟ್ಟು ತಾನು ಹಿಂದೆ ಬಂದವ್ಳೆ. ದೊಡ್ಡೋಳ ಕಾಲಿಗೆ ಎರಡು ಅಂತ ಇದ್ರೆ ನೋಡ್ದೋರು ಏನಂತಾರೆ? ಬೆಳಿಗ್ಗೆ ಬಿಚ್ಚಿ ಸರಿಮಾಡ್ದೆ."

ನನಗೆ ರೇಗಿ ಬಾಯಿಗೆ ಏನೇನೋ ಬಂತು. ಆ ಮುಖ ನೋಡಿ ನುಂಗಿಕೊಂಡೆ. ಅಕ್ಕನಿಗೆ ಅನ್ಯಾಯವಾಗಬಾರದೆಂದು ಮಾಡಿದ ಕೆಲಸ ಅದು.

"ಆ ಚಿಕ್ಕದು ಹಾಲೇ ಕುಡೀತಿಲ್ಲ ಸಿಸ್ಟರ್," ಎಂದು ಶಿವಾನಿ ಹಾಸಿಗೆಯಿಂದ ಕ್ಷೀಣವಾಗಿ ಹೇಳಿದಳು.

ಅನಿತ ಅದರ ಹಣೆ ಮುಟ್ಟಿ, ಮಗುವನ್ನು ಎತ್ತಿಕೊಂಡು ಓಡಿದಳು. ಬೆಳಿಗ್ಗೆ ಸೂಜಿ ಬಿದ್ದದ್ದು ಯಾರಿಗೆಂದು ನೆನಪಾಗಿ ಬೈರಮ್ಮನಿಗೆ ಆಗ ಅರ್ಥವಾಯಿತು, ಗಾಬರಿಗೆ ಮನೆಮಾತು ತೆಲುಗೂ ಬಾಯಿಗೆ ಬಂತು.

"ಅಯ್ಯೋ ದೇವುಡಾ! ನಾನ್ ಕಟ್ಟಿದ್ದಕ್ಕಾ ತಲ್ಲೀ? ಔಷಧಿ ಅಕ್ಕನಿಗೆ ಹೋಯ್ತಾ?"

"ಹೌದಮ್ಮ," ಅಂದೆ. ಸುಳ್ಳು ಹೇಳಲು ಮನಸ್ಸು ಬರಲಿಲ್ಲ. ಅಕ್ಕನಿಗೆ ಅದರಿಂದ ತೊಂದರೆಯಿಲ್ಲ ಎಂದು ಡಾಕ್ಟರು ಆಮೇಲೆ ಹೇಳಿದರು. ತಂಗಿಯ ಬಗ್ಗೆ ಮಾತ್ರ ಎರಡು ದಿನ ಕಾಯಬೇಕು ಎಂದರು.

ಕೆಳಗೆ ಬಂದು ಕೂತೆ. ಕೋಡಿನ ಏಳನೇ ಮನೆ ಖಾಲಿಯೇ ಇತ್ತು. ಎಲ್ಲೋ ಯಾರೋ ಕೂತು, ಇನ್ನೂ ಬೆಳಕು ಕಾಣದ, ಹೆಸರಿಲ್ಲದ ಜೀವಗಳು ಒಂದೇ ಹೊಟ್ಟೆಯಲ್ಲಿದ್ದರೂ ಬೇರೆ ಬೇರೆ ಎಂದು ಯೋಚಿಸಿದ್ದಾರೆ. ಒಬ್ಬಳ ನೀರು ಕೆಟ್ಟರೆ ಅದು ಅವಳದೇ ಎಂದು ಗುರುತಿಟ್ಟಿದ್ದಾರೆ. ಐದು ಮಕ್ಕಳಿದ್ದರೆ ಐದನೆಯದೂ ಲೆಕ್ಕ ತಪ್ಪಬಾರದೆಂದು ಜಾಗ ಬಿಟ್ಟಿದ್ದಾರೆ. ನಾನು ಗೊಣಗಿದ್ದು ಇದಕ್ಕೆ! ಆ ಖಾಲಿ ಮನೆಯ ಮುಂದೆ ದೇವರ ಮುಂದೆ ಕೂತಂತೆ ಕೂತೆ. ಆಮೇಲೆ ಒಂದು ಎಂದು ಒತ್ತಿದೆ.

ಅಂದೂ ಮರುದಿನವೂ ಐದೂವರೆಯ ಬಸ್ಸು ಬಿಟ್ಟೆ.

ಶನಿವಾರ ಮಧ್ಯಾಹ್ನ ಅನಿತ ಫೋನ್ ಮಾಡಿ ಬನ್ನಿ ಅಂದಳು. ಹೆದರಿಕೊಂಡೇ ಹತ್ತಿದೆ. ವಾರ್ಡಿನ ಬಾಗಿಲಲ್ಲಿ ಬೈರಮ್ಮ ನಿಂತಿದ್ದರು, ಎರಡೂ ಕೈ ಸೆರಗಿನಲ್ಲಿ ಸುತ್ತಿಕೊಂಡು, ಇನ್ನು ಯಾವ ಗಂಟನ್ನೂ ಮುಟ್ಟೆನೆಂಬಂತೆ.

"ಕೇಳಮ್ಮ," ಅಂದರು.

ಒಳಗೆ ಮಗು ಅಳುತ್ತಿತ್ತು. ಹಸಿವಿಗೆ, ಸಿಟ್ಟಿನಿಂದ, ವಾರ್ಡೆಲ್ಲ ತುಂಬುವಂತೆ.

"ಯಾವುದು?" ಅಂದೆ.

"ನಿಮ್ಮ ಒಂದು," ಅಂದಳು ಅನಿತ.

ಹನ್ನೊಂದು ವರ್ಷದಲ್ಲಿ ಸಾವಿರಾರು ಅಂಕಿ ಒತ್ತಿದ್ದೇನೆ. ಅವುಗಳಲ್ಲಿ ಒಂದು ಅಳುವುದನ್ನು ಕೇಳಿದ್ದು ಅಂದೇ ಮೊದಲು.